ಕಾವೆಂಟ್ ಗಾರ್ಡನ್ನಿನ ಆ ರಾತ್ರಿಯನ್ನು ನಂಬಬಹುದೇ?

ಪ್ರಶ್ನೆ: ನಮ್ಮ ಊರಿನ ಫಿಲಂ ಸೊಸೈಟಿಯಲ್ಲಿ ಈಚೆಗೆ ಲಿಂಡ್ಸೆ ಆಂಡರ್ಸನ್ ಅವರ 1957ರ ‘ಎವ್ರಿ ಡೇ ಎಕ್ಸೆಪ್ಟ್ ಕ್ರಿಸ್‌ಮಸ್’ ಎಂಬ ಸಾಕ್ಷ್ಯಚಿತ್ರವನ್ನು ತೋರಿಸಿದರು. ಲಂಡನ್ನಿನ ಕಾವೆಂಟ್ ಗಾರ್ಡನ್ ಎಂಬ ಹಣ್ಣು, ತರಕಾರಿ, ಹೂವಿನ ಸಗಟು ಮಾರುಕಟ್ಟೆಯ ಒಂದು ರಾತ್ರಿಯ ಚಿತ್ರ ಅದು. ಪರಿಚಯ ಮಾಡಿಕೊಟ್ಟವರು ಅದನ್ನು ಯುದ್ಧೋತ್ತರ ಕಾಲದ ‘ಅವಲೋಕನಾತ್ಮಕ’ ಸಾಕ್ಷ್ಯಚಿತ್ರಕ್ಕೆ ಮಾದರಿ ಎಂದರು. ಆದರೆ ಚಿತ್ರದಲ್ಲಿ ನಿರೂಪಕನ ಧ್ವನಿಯಿದೆ, ಸಂಗೀತವಿದೆ, ಜನರ ತುಟಿಗೂ ಕೇಳುವ ಮಾತಿಗೂ ಹೊಂದಾಣಿಕೆಯಿಲ್ಲ. ಸಾಲದ್ದಕ್ಕೆ ಮೋಟಾರು ಕಂಪನಿಯೊಂದು ಹಣ ಹಾಕಿದೆ. ಹೀಗಿರುವಾಗ ಅವಲೋಕನ ಎನ್ನುವುದು ಎಲ್ಲಿ ಉಳಿಯಿತು? ನಾವು ಕೆಲವು ಗೆಳೆಯರು ಸೇರಿ ನಮ್ಮೂರಿನ ಮಾರುಕಟ್ಟೆಯ ಬಗ್ಗೆ ಚಿತ್ರ ಮಾಡಬೇಕೆಂದಿದ್ದೇವೆ. ಈ ಚಿತ್ರದಿಂದ ಕಲಿಯಬಹುದಾದದ್ದೇನಾದರೂ ಇದೆಯೇ?

ಉತ್ತರ: ನಿಮ್ಮ ಸಂಶಯ ಹುಟ್ಟಬೇಕಾದ ಜಾಗದಲ್ಲೇ ಹುಟ್ಟಿದೆ. ಇಂದು ಸಿನಿಮಾ ಶಾಲೆಗಳಲ್ಲಿ ‘ಅವಲೋಕನಾತ್ಮಕ’ ಎಂಬ ಮಾತಿಗೆ ಕೊಡುವ ಅರ್ಥವನ್ನು, ಅಂದರೆ ನಿರೂಪಣೆ ಕೂಡದು, ಹೊರಗಿನ ಸಂಗೀತ ಕೂಡದು, ಸಂದರ್ಶನ ಕೂಡದು, ನಡೆದದ್ದನ್ನು ನಡೆದಾಗಲೇ ಧ್ವನಿಸಮೇತ ಹಿಡಿಯಬೇಕು ಎಂಬ ಕಟ್ಟುಪಾಡನ್ನು, ಈ ಚಿತ್ರಕ್ಕೆ ಹಚ್ಚಿದರೆ ಅದು ಯಾವ ಕಡೆಯಿಂದಲೂ ತೇರ್ಗಡೆಯಾಗುವುದಿಲ್ಲ. ಆದರೆ ಆ ಕಟ್ಟುಪಾಡು ಹುಟ್ಟಿದ್ದೇ ಚಿತ್ರ ಬಿಡುಗಡೆಯಾಗಿ ಮೂರು ನಾಲ್ಕು ವರ್ಷ ಕಳೆದ ಮೇಲೆ. ಅದು ಹುಟ್ಟಲು ಬೇಕಾದ ಯಂತ್ರಗಳು ಕೈಗೆ ಬಂದದ್ದೂ ಆಗಲೇ. ಆದ್ದರಿಂದ ನಿಮಗೆ ಚಿತ್ರವನ್ನು ಪರಿಚಯಿಸಿದವರು ತಪ್ಪು ಹೇಳಿದರು ಎನ್ನಲಾರೆ. ಎರಡು ಬೇರೆ ಬೇರೆ ಸಂಗತಿಗಳನ್ನು ಒಂದೇ ಹೆಸರಿನಲ್ಲಿ ಕರೆದರು ಎನ್ನಬಹುದು. ನನ್ನ ಮಟ್ಟಿಗೆ ಈ ಚಿತ್ರದ ಅವಲೋಕನ ಇರುವುದು ಅದು ಏನನ್ನು ಬಿಟ್ಟಿತು ಎಂಬುದರಲ್ಲಲ್ಲ, ಯಾರನ್ನು ಎಷ್ಟು ಹೊತ್ತು ನೋಡಿತು ಎಂಬುದರಲ್ಲಿ. ಉಳಿದದ್ದೆಲ್ಲ ಇದೇ ಮಾತಿನ ವಿಸ್ತರಣೆ.

ಚಿತ್ರ ನೋಡದ ಓದುಗರಿಗಾಗಿ ಅದರ ನಡೆಯನ್ನು ಸ್ವಲ್ಪ ಹೇಳುತ್ತೇನೆ. ನಡುರಾತ್ರಿಯ ಹೊತ್ತಿಗೆ ಸಸೆಕ್ಸ್ ಸೀಮೆಯಲ್ಲಿ ಅಣಬೆಯ ಪೆಟ್ಟಿಗೆಗಳನ್ನು ಲಾರಿಗೆ ಏರಿಸುತ್ತಾರೆ. ರೇಡಿಯೋ ಅಂದಿನ ಪ್ರಸಾರ ಮುಗಿಸುತ್ತ ರಾಷ್ಟ್ರಗೀತೆ ನುಡಿಸುತ್ತದೆ; ದೇಶವೆಲ್ಲ ದೀಪ ಆರಿಸಿ ಮಲಗುವ ಗಳಿಗೆಗೆ ಈ ಲಾರಿಯ ದಿನ ಶುರುವಾಗುತ್ತದೆ. ಲಾರಿ ಲಂಡನ್ ಸೇರುತ್ತದೆ. ಕಾವೆಂಟ್ ಗಾರ್ಡನ್ನಿನಲ್ಲಿ ಬೇರೆ ಬೇರೆ ಸೀಮೆಗಳಿಂದ ಬಂದ ಸರಕು ಇಳಿಯುತ್ತದೆ, ಮಳಿಗೆಗಳಲ್ಲಿ ಸೇಬು, ಕೋಸು, ಹೂವು ಓರಣವಾಗಿ ಕೂರುತ್ತವೆ. ಬೆಳಗಿನ ಜಾವ ಕೆಲಸ ಕೊಂಚ ಬಿಡುವಾದಾಗ ಎಲ್ಲರೂ ಆಲ್ಬರ್ಟ್ಸ್ ಎಂಬ ಕೆಫೆಯಲ್ಲಿ ಚಹಾ ಕುಡಿಯುತ್ತಾರೆ. ಬೆಳಕು ಹರಿದಂತೆ ಅಂಗಡಿಕಾರರು ಬರುತ್ತಾರೆ, ಹೊರೆಯಾಳುಗಳು ಬುಟ್ಟಿ, ಪೆಟ್ಟಿಗೆಗಳನ್ನು ತಲೆಯ ಮೇಲೆ ಹೊತ್ತು ಓಡಾಡುತ್ತಾರೆ. ಕೊನೆಯಲ್ಲಿ, ಉಳಿದ ಹೂವನ್ನು ಕೊಳ್ಳಲು ಬೀದಿಯಲ್ಲಿ ಹೂ ಮಾರುವ ಮುದುಕಿಯರು ಬರುತ್ತಾರೆ. ಇಷ್ಟೇ ಕಥೆ, ಸುಮಾರು 40 ನಿಮಿಷ. ಕ್ರಿಸ್‌ಮಸ್ ಒಂದು ದಿನ ಬಿಟ್ಟು ವರ್ಷವೆಲ್ಲ ಇದು ಹೀಗೆಯೇ ನಡೆಯುತ್ತದೆ ಎಂಬುದೇ ಶೀರ್ಷಿಕೆ. ಆ ವರ್ಷದ ವೆನಿಸ್ ಸಾಕ್ಷ್ಯಚಿತ್ರೋತ್ಸವದಲ್ಲಿ ಇದಕ್ಕೆ ಅತ್ಯುನ್ನತ ಪ್ರಶಸ್ತಿ ಬಂತು.

ನಿರ್ದೇಶಕ ಆಂಡರ್ಸನ್ ಹುಟ್ಟಿದ್ದು ನಮ್ಮ ಬೆಂಗಳೂರಿನಲ್ಲಿ, 1923ರ ಏಪ್ರಿಲ್‌ನಲ್ಲಿ. ತಂದೆ ಬ್ರಿಟಿಷ್ ಸೈನ್ಯದ ಅಧಿಕಾರಿ. ಹಾಗೆಂದು ಅವರ ಚಿತ್ರದಲ್ಲಿ ನಮ್ಮ ಮಾರುಕಟ್ಟೆಯ ನೆನಪನ್ನು ಹುಡುಕುವುದು ವ್ಯರ್ಥ. ಹುಟ್ಟೂರಿನ ಹೆಮ್ಮೆಗಿಂತ ಇಲ್ಲಿ ಹೆಚ್ಚು ಉಪಯೋಗಕ್ಕೆ ಬರುವ ಸಂಗತಿಯೆಂದರೆ, ಹೊರೆ ಹೊರುವವರ ಮನೆಯ ಹುಡುಗ ಅವರಲ್ಲ, ಖಾಸಗಿ ಶಾಲೆ ಮತ್ತು ಆಕ್ಸ್‌ಫರ್ಡ್‌ನಲ್ಲಿ ಓದಿದವರು ಎಂಬುದು. ಆ ದೂರವನ್ನು ಅವರು ಹೇಗೆ ದಾಟಿದರು, ಎಲ್ಲಿ ದಾಟಲಾಗಲಿಲ್ಲ ಎನ್ನುವುದು ಚಿತ್ರದ ಒಳಗೇ ಕಾಣುತ್ತದೆ.

ಈಗ ನಿಮ್ಮ ಮೊದಲ ಆಕ್ಷೇಪ, ಧ್ವನಿ. 1957ರಲ್ಲಿ ಚಿತ್ರ ಮತ್ತು ಧ್ವನಿಯನ್ನು ಏಕಕಾಲಕ್ಕೆ ಹೊಂದಿಸಿ ಮುದ್ರಿಸುವ ಸಲಕರಣೆ ಇರಲಿಲ್ಲವೆಂದಲ್ಲ, ಸ್ಟುಡಿಯೋಗಳಲ್ಲಿ ಇತ್ತು. ಆದರೆ ಕ್ಯಾಮೆರಾದ ಗರಗರ ಸದ್ದನ್ನು ಮುಚ್ಚುವ ಹೊದಿಕೆ, ಕಾಲುಗಂಬ, ಕೇಬಲ್ಲು, ದೀಪ, ಅವನ್ನೆಲ್ಲ ಸಾಗಿಸುವ ವಾಹನ, ಎಂಟು ಹತ್ತು ಜನ ಎಂದು ಅದು ಒಂದು ದಿಬ್ಬಣವೇ ಆಗುತ್ತಿತ್ತು. ಸರಕು ಹೊತ್ತವರು ಭುಜಕ್ಕೆ ಭುಜ ತಾಗಿಸಿ ಓಡಾಡುವ ಓಣಿಗೆ ಇಂಥ ದಿಬ್ಬಣ ನುಗ್ಗಿದರೆ ಮಾರುಕಟ್ಟೆಯ ಕೆಲಸ ನಿಲ್ಲುತ್ತದೆ; ಆಮೇಲೆ ಚಿತ್ರೀಕರಿಸಲು ಉಳಿಯುವುದು ಚಿತ್ರೀಕರಣವನ್ನು ನೋಡಲು ನಿಂತ ಜನ ಮಾತ್ರ. ಆದ್ದರಿಂದ ಆಂಡರ್ಸನ್ ಮತ್ತು ಅವರ ಗೆಳೆಯರು ಧ್ವನಿಯ ಹೊಂದಾಣಿಕೆಯನ್ನು ಬಿಟ್ಟುಕೊಟ್ಟು, ಜನರ ಹತ್ತಿರ ಹೋಗುವ ಸ್ವಾತಂತ್ರ್ಯವನ್ನು ಇಟ್ಟುಕೊಂಡರು. ಛಾಯಾಗ್ರಾಹಕ ವಾಲ್ಟರ್ ಲಸಾಲಿ. ಮುಂದೆ 1964ರ ‘ಜೋರ್ಬಾ ದಿ ಗ್ರೀಕ್’ ಚಿತ್ರಕ್ಕೆ ಆಸ್ಕರ್ ಪಡೆದವರು, ಇನ್ನೂ ಮುಂದೆ ಭಾರತಕ್ಕೆ ಬಂದು ‘ಹೀಟ್ ಅಂಡ್ ಡಸ್ಟ್’ ಚಿತ್ರೀಕರಿಸಿದವರೂ ಇವರೇ. ಧ್ವನಿ ಮತ್ತು ಸಂಕಲನದ ಕೆಲಸ ಜಾನ್ ಫ್ಲೆಚರ್ ಅವರದು. ಆ ಹೊತ್ತಿಗೆ ಇಲ್‌ಫರ್ಡ್ ಕಂಪನಿಯ ಎಚ್‌ಪಿಎಸ್ ಎಂಬ ವೇಗದ, ಅಂದರೆ ಕಡಿಮೆ ಬೆಳಕಿನಲ್ಲೂ ಚಿತ್ರ ಮೂಡುವ, ಫಿಲಂ ಮಾರುಕಟ್ಟೆಗೆ ಬಂದಿತ್ತು. ಬೆಳಕಿಗೆ ಅದರ ಸಂವೇದನೆ, ಎಎಸ್ಎ ಎಂಬ ಅಳತೆಯಲ್ಲಿ, 400. ಇಂದಿನ ಮೊಬೈಲ್ ಕಾಲದಲ್ಲಿ ಇದು ನಗು ಬರಿಸುವ ಅಂಕಿ; ಅಂದು ಮಾತ್ರ, ರಾತ್ರಿಯನ್ನು ರಾತ್ರಿಯ ಬೆಳಕಿನಲ್ಲೇ ಹಿಡಿಯಬಹುದು ಎಂಬ ಧೈರ್ಯವನ್ನು ಕೊಟ್ಟದ್ದು ಇದೇ.

ಮಾರುಕಟ್ಟೆಯ ಸದ್ದನ್ನು ಅವರು ಚಿತ್ರದಿಂದ ಬೇರೆಯಾಗಿ ಮುದ್ರಿಸಿಕೊಂಡರು: ಕೂಗಾಟ, ಸಿಳ್ಳೆ, ಪೆಟ್ಟಿಗೆ ಕುಕ್ಕುವ ಸದ್ದು, ಗಾಡಿಯ ಗಾಲಿ, ಹರಟೆ. ಇವನ್ನೆಲ್ಲ ಸಂಕಲನದ ಮೇಜಿನ ಮೇಲೆ ಚಿತ್ರಿಕೆಗಳ (ಶಾಟ್‌ಗಳ) ಕೆಳಗೆ ಹಾಸಿದರು. ತುಟಿಗೂ ಮಾತಿಗೂ ಹೊಂದುವುದಿಲ್ಲ ಎಂದು ನೀವು ಗುರುತಿಸಿದ್ದು ಇದನ್ನೇ. ಆದರೆ ಇನ್ನೊಮ್ಮೆ ನೋಡಿದಾಗ ಗಮನಿಸಿ: ಯಾರೋ ಒಬ್ಬರ ಮಾತನ್ನು ಇನ್ನೊಬ್ಬರ ಬಾಯಿಗೆ ತುರುಕುವ ಯತ್ನ ಅಲ್ಲಿಲ್ಲ. ಮಾತು ಗುಂಪಿನ ಮಾತಾಗಿ, ಗಾಳಿಯಲ್ಲಿ ತೇಲುವ ಮಾತಾಗಿ ಉಳಿಯುತ್ತದೆ. ಮಾರುಕಟ್ಟೆಯಲ್ಲಿ ನಾವು ಕೇಳುವುದೂ ಹಾಗೆಯೇ ಅಲ್ಲವೇ? ಯಾರು ಏನೆಂದರು ಎಂಬುದಕ್ಕಿಂತ ಮೊದಲು ಒಟ್ಟು ಗದ್ದಲ ಕಿವಿಗೆ ಬೀಳುತ್ತದೆ, ಅದರೊಳಗಿಂದ ಒಂದೊಂದು ಪದ ಮೇಲೆ ಬರುತ್ತದೆ. ಕೊರತೆಯೊಂದು ಇಲ್ಲಿ ಶೈಲಿಯಾಗಿ ಮಾರ್ಪಟ್ಟಿದೆ, ಮತ್ತು ನನಗೆ ತಿಳಿದಂತೆ ಆ ಕಾಲದ ಸಾಕ್ಷ್ಯಚಿತ್ರಗಳಲ್ಲಿ ಇದು ಇಷ್ಟು ಚೆನ್ನಾಗಿ ಒದಗಿಬಂದ ಉದಾಹರಣೆಗಳು ಕಡಿಮೆ. 1960ರಲ್ಲಿ ಅಮೆರಿಕದ ರಾಬರ್ಟ್ ಡ್ರೂ, ರಿಚರ್ಡ್ ಲೀಕಾಕ್ ಮೊದಲಾದವರು ಹಗುರ ಕ್ಯಾಮೆರಾ ಮತ್ತು ಟೇಪ್ ರೆಕಾರ್ಡರನ್ನು ಹೊಂದಿಸಿಕೊಂಡು ಕೆನಡಿಯವರ ಚುನಾವಣಾ ಪ್ರಚಾರದ ಹಿಂದೆ ಹೊರಟರು. ಅದೇ ವರ್ಷ ಫ್ರಾನ್ಸಿನಲ್ಲಿ ಝಾನ್ ರೂಶ್ ಮತ್ತು ಎಡ್ಗರ್ ಮೊರಾನ್ ಪ್ಯಾರಿಸಿನ ಬೀದಿಯಲ್ಲಿ ಜನರನ್ನು ಮಾತಾಡಿಸಿದರು. ನೀವು ಮನಸ್ಸಿನಲ್ಲಿಟ್ಟುಕೊಂಡಿರುವ ಅಳತೆಗೋಲು ಅಲ್ಲಿಂದ ಬಂದದ್ದು.

ಇನ್ನು ‘ಒಂದು ರಾತ್ರಿ’ ಎಂಬುದು. ಅದು ಒಂದು ರಾತ್ರಿಯಲ್ಲ. ಹಲವು ರಾತ್ರಿಗಳ ಚಿತ್ರಿಕೆಗಳನ್ನು ಹೊಲಿದು ಮಾಡಿದ ಒಂದು ರಾತ್ರಿ. ಇದು ಮೋಸವೇ? ಚಿತ್ರ ಹೇಳುತ್ತಿರುವುದು ಇಂಥ ದಿನಾಂಕದಂದು ಇಂಥದು ನಡೆಯಿತು ಎಂದಾಗಿದ್ದರೆ ಖಂಡಿತ ಮೋಸ. ಶೀರ್ಷಿಕೆ ಹೇಳುವುದೇ ಬೇರೆ: ಪ್ರತಿದಿನವೂ ಹೀಗೆ. ನಿತ್ಯ ನಡೆಯುವುದನ್ನು ತೋರಿಸುವವರಿಗೆ ನಿತ್ಯದ ಹಲವು ಸಲಗಳಿಂದ ಒಂದನ್ನು ಕಟ್ಟುವ ಹಕ್ಕಿದೆ. ಅಜ್ಜಿಯೊಬ್ಬಳು “ಬೆಳಿಗ್ಗೆ ಎದ್ದು ಒಲೆ ಹಚ್ಚಿ, ಎಮ್ಮೆ ಕರೆದು” ಎಂದು ತನ್ನ ದಿನವನ್ನು ಹೇಳುವಾಗ ಅದು ಯಾವ ತಾರೀಖಿನ ಬೆಳಿಗ್ಗೆ ಎಂದು ನಾವು ಕೇಳುವುದಿಲ್ಲ. ಬ್ರಿಟಿಷ್ ಸಾಕ್ಷ್ಯಚಿತ್ರದ ಹಿರಿಯ ಜಾನ್ ಗ್ರಿಯರ್ಸನ್ ಈ ಪ್ರಕಾರವನ್ನು ವಾಸ್ತವದ ಸೃಜನಶೀಲ ನಿರ್ವಹಣೆ ಎಂದಿದ್ದರು. ಆ ಮಾತಿನ ಮರೆಯಲ್ಲಿ ಎಷ್ಟೋ ಸುಳ್ಳುಗಳು ನುಸುಳಿವೆ ಎಂಬುದು ನಿಜ; ಈ ಹೊಲಿಗೆ ಮಾತ್ರ ಅವುಗಳಲ್ಲೊಂದಲ್ಲ.

ನಾನು ವಿದ್ಯಾರ್ಥಿಗಳಿಗೆ ಈ ಚಿತ್ರ ತೋರಿಸುವಾಗ ಎರಡು ಕಡೆ ನಿಲ್ಲಿಸುತ್ತೇನೆ. ಮೊದಲನೆಯದು ಮಳಿಗೆಗಳಲ್ಲಿ ಸರಕು ಜೋಡಿಸುವ ಭಾಗ. ಹಣ್ಣನ್ನೂ ತರಕಾರಿಯನ್ನೂ ಸಾಲಾಗಿ ಕೂರಿಸುವ ಆ ಕೈಗಳಿಗೆ ಅವಸರವಿಲ್ಲ, ಆದರೆ ನಿಧಾನವೂ ಇಲ್ಲ. ಸಾವಿರಾರು ಸಲ ಮಾಡಿದ ಕೆಲಸದಲ್ಲಿ ಮಾತ್ರ ಬರುವ ನಡೆ ಅದು. ಸಾಮಾನ್ಯ ವಾರ್ತಾಚಿತ್ರವಾಗಿದ್ದರೆ ಎರಡು ಸೆಕೆಂಡು ತೋರಿಸಿ, ‘ಸರಕನ್ನು ಜೋಡಿಸಲಾಗುತ್ತದೆ’ ಎಂದು ಹೇಳಿ ಮುಂದಕ್ಕೆ ಹೋಗುತ್ತಿತ್ತು. ಲಸಾಲಿಯವರ ಕ್ಯಾಮೆರಾ ಆ ಕೆಲಸ ಒಂದು ರೂಪ ತಾಳುವವರೆಗೆ ಜತೆಯಲ್ಲಿರುತ್ತದೆ. ನಮ್ಮ ಕಡೆಯ ಮಂಡಿಗಳಲ್ಲಿ ಟೊಮೆಟೊ ಕ್ರೇಟಿನ ಮೇಲ್ಪದರವನ್ನು ಜೋಡಿಸುವವರನ್ನು, ತಲೆಯ ಮೇಲಿನ ಸಿಂಬೆಯನ್ನು ಒಂದೇ ಕೈಯಲ್ಲಿ ಸರಿಮಾಡಿಕೊಂಡು ಮೂಟೆಗೆ ತಲೆಕೊಡುವ ಹಮಾಲರನ್ನು ನೋಡಿದವರಿಗೆ ಈ ಸೊಗಸು ಹೊಸದಲ್ಲ; ಅದನ್ನು ಪರದೆಯ ಮೇಲೆ ಇಷ್ಟು ಹೊತ್ತು ನೋಡಬಹುದು ಎಂಬುದು ಹೊಸದು.

ಎರಡನೆಯದು ಆಲ್ಬರ್ಟ್ಸ್ ಕೆಫೆ. ಇಲ್ಲಿ ಕೆಲಸವಿಲ್ಲ, ಆದ್ದರಿಂದ ತೋರಿಸಲು ‘ವಿಷಯ’ವೂ ಇಲ್ಲ. ಚಹಾ, ತಿಂಡಿ, ಹರಟೆ, ತೂಕಡಿಕೆ. ರಾತ್ರಿಯಿಡೀ ದುಡಿದ ಮುಖಗಳು, ಜತೆಗೆ ಬೇರೆಲ್ಲೂ ಹೋಗಲು ಜಾಗವಿಲ್ಲದೆ ಬಂದು ಕುಳಿತಂತೆ ಕಾಣುವ ಕೆಲವು ಮುಖಗಳು. ನಿರೂಪಕ ಬಹುಮಟ್ಟಿಗೆ ಸುಮ್ಮನಾಗುತ್ತಾನೆ. ಕ್ಯಾಮೆರಾ ಒಂದು ಮುಖದಿಂದ ಇನ್ನೊಂದು ಮುಖಕ್ಕೆ ಹೋಗುತ್ತದೆ, ಯಾವುದಕ್ಕೂ ಅಡಿಟಿಪ್ಪಣಿ ಹಾಕುವುದಿಲ್ಲ. ಇವರಲ್ಲಿ ಕೆಲವರಿಗೆ ಕ್ಯಾಮೆರಾ ಇರುವುದು ಗೊತ್ತು, ಗೊತ್ತಿಲ್ಲದಂತೆ ಇರಲು ಪ್ರಯತ್ನಿಸುತ್ತಿದ್ದಾರೆ ಎಂದೂ ಅನಿಸುತ್ತದೆ. ಆ ಸಂಕೋಚವನ್ನೂ ಕತ್ತರಿಸದೆ ಉಳಿಸಿಕೊಂಡದ್ದು ನನಗೆ ಪ್ರಾಮಾಣಿಕವಾಗಿ ಕಾಣುತ್ತದೆ. ಚಿತ್ರದ ಅವಲೋಕನಕ್ಕೆ ಒಂದೇ ಒಂದು ಸಾಕ್ಷಿ ಕೊಡಿ ಎಂದು ಕೇಳಿದರೆ ನಾನು ಈ ಕೆಲವು ನಿಮಿಷಗಳನ್ನು ಮುಂದಿಡುತ್ತೇನೆ.

ನಿರೂಪಣೆಯ ಬಗ್ಗೆ ನಿಮ್ಮ ಅಸಮಾಧಾನಕ್ಕೆ ನನ್ನದೂ ಅರ್ಧ ಸಹಮತವಿದೆ. ಕೇಳುವ ಧ್ವನಿ, ನಟರೂ ನಾಟಕಕಾರರೂ ಆದ ಆಲನ್ ಓವನ್ ಅವರದು. ಕೆಲವು ವರ್ಷಗಳ ನಂತರ ಬೀಟಲ್ಸ್ ತಂಡದ ಮೊದಲ ಚಿತ್ರಕ್ಕೆ ಚಿತ್ರಕಥೆ ಬರೆದವರು ಇವರೇ. ಆ ಕಾಲದ ವಾರ್ತಾಚಿತ್ರಗಳ ಗತ್ತಿನ ಗಂಟಲಿಗೆ ಹೋಲಿಸಿದರೆ ಓವನ್ ಅವರ ದನಿ ಪಕ್ಕದಲ್ಲಿ ಕುಳಿತು ಹೇಳುವಂತಿದೆ, ಅಂಕಿಅಂಶಗಳ ಗೋಜಿಗೆ ಹೋಗುವುದಿಲ್ಲ, ಜನರನ್ನು ಹೆಸರು ಹಿಡಿದು ಕರೆಯುತ್ತದೆ. ಮಾರುಕಟ್ಟೆಯ ಹೆಂಗಸು ಹೊರೆಯಾಳುಗಳಲ್ಲಿ ಕೊನೆಯವಳಾದ ಆಲಿಸ್ ಕಾಣಿಸಿಕೊಂಡಾಗ ನಮಗೆ ಸಿಗುವುದು ‘ಮಹಿಳಾ ಕಾರ್ಮಿಕರು’ ಎಂಬ ವರ್ಗದ ಮಾದರಿಯಲ್ಲ, ಆಲಿಸ್ ಎಂಬ ವ್ಯಕ್ತಿ. ಚಿತ್ರದ ಅರ್ಪಣೆಯೂ ಆಲಿಸ್, ಜಾರ್ಜ್, ಬಿಲ್, ಸಿಡ್ ಎಂದು ಹೀಗೆ ಬರಿಯ ಹೆಸರುಗಳ ಸಾಲು. ಇವೆಲ್ಲ ಸರಿ. ಆದರೆ ಚಿತ್ರವೇ ಸಾಕಷ್ಟು ಹೇಳಿರುವ ಕಡೆಗಳಲ್ಲೂ ನಿರೂಪಣೆ ಒಮ್ಮೊಮ್ಮೆ ಬಾಯಿ ಹಾಕುತ್ತದೆ, ಮತ್ತು ಆಗ ಅದರಲ್ಲಿ ಪ್ರೀತಿಗಿಂತ ಪ್ರೀತಿಯ ಪ್ರದರ್ಶನ ಹೆಚ್ಚಾಗಿ ಕೇಳಿಸುತ್ತದೆ.

ಆಂಡರ್ಸನ್ ಅವರ ಗೆಳೆಯರ ಗುಂಪಿನ ನಿರ್ದೇಶಕ ಕರೆಲ್ ರೈಸ್ 1959ರಲ್ಲಿ ದಕ್ಷಿಣ ಲಂಡನ್ನಿನ ಕೆನಿಂಗ್ಟನ್ ಬಳಿಯ ಯುವಕರ ಕ್ಲಬ್ಬೊಂದರ ಬಗ್ಗೆ ಮಾಡಿದ ‘ವಿ ಆರ್ ದಿ ಲ್ಯಾಂಬೆತ್ ಬಾಯ್ಸ್’ ಚಿತ್ರವನ್ನು ಇದರ ಜತೆಗಿಟ್ಟು ನೋಡಿದರೆ ವ್ಯತ್ಯಾಸ ತಿಳಿಯುತ್ತದೆ. ಅಲ್ಲಿ ಹುಡುಗ ಹುಡುಗಿಯರು ನೇರವಾಗಿ ಮಾತಾಡುತ್ತಾರೆ, ಬಟ್ಟೆಬರೆಯಿಂದ ಹಿಡಿದು ಮರಣದಂಡನೆಯವರೆಗೆ ವಾದಿಸುತ್ತಾರೆ. ಸಿರಿವಂತರ ಶಾಲೆಯೊಂದರ ಜತೆ ಕ್ರಿಕೆಟ್ ಆಡಿ, ತೆರೆದ ಲಾರಿಯಲ್ಲಿ ಕೂಗುತ್ತ ಹಾಡುತ್ತ ಊರಿಗೆ ಮರಳುತ್ತಾರೆ. ಮಾತು ಸಿಕ್ಕಿದ್ದರಿಂದ ಆ ಚಿತ್ರಕ್ಕೆ ಬಲ ಬಂದಿದೆ. ವಿಚಿತ್ರವೆಂದರೆ, ಅವರ ಮಾತು ಕೇಳಿಸುವುದರಿಂದಲೇ ಅಲ್ಲಿನ ನಿರೂಪಕ ಇನ್ನಷ್ಟು ಅನಗತ್ಯವೆನಿಸುತ್ತಾನೆ, ಮಕ್ಕಳನ್ನು ಅತಿಥಿಗಳಿಗೆ ಪರಿಚಯಿಸುವ ಹೆಡ್‌ಮಾಸ್ತರರಂತೆ.

ಹಣದ ಪ್ರಶ್ನೆಗೆ ಬರೋಣ. ಹಣ ಹಾಕಿದ್ದು ಫೋರ್ಡ್ ಮೋಟಾರು ಕಂಪನಿಯ ಬ್ರಿಟಿಷ್ ಶಾಖೆ. ಆ ಕಂಪನಿಯ ಚಲನಚಿತ್ರ ವಿಭಾಗದ ಹೊಣೆ ಹೊತ್ತಿದ್ದವರು ಇದೇ ಕರೆಲ್ ರೈಸ್. ಜಾಹೀರಾತುಗಳ ಜತೆಗೆ, ಕಾರಿಗೆ ಸಂಬಂಧಿಸದ ಸಾಕ್ಷ್ಯಚಿತ್ರಗಳನ್ನೂ ಮಾಡಲು ಬಿಡಬೇಕು ಎಂಬ ಒಪ್ಪಂದದ ಮೇಲೆ ಅವರು ಆ ಕೆಲಸ ಹಿಡಿದಿದ್ದರು. ‘ಲುಕ್ ಅಟ್ ಬ್ರಿಟನ್’ ಎಂಬ ಮಾಲಿಕೆಯ ಮೊದಲ ಚಿತ್ರ ಇದು. ನಿರ್ಮಾಪಕರಾಗಿ ಲಿಯಾನ್ ಕ್ಲೋರ್ ಅವರ ಹೆಸರೂ ಇದೆ. ದೂರದೂರಿಗೆ ಲಾರಿ ಓಡಿಸುವ ಚಾಲಕರ ಬಗ್ಗೆ ಚಿತ್ರ ಮಾಡುವ ಪ್ರಸ್ತಾಪ ಮೊದಲು ಆಂಡರ್ಸನ್ ಮುಂದೆ ಬಂದಿತ್ತು. ಅವರಿಗೆ ಅದು ಹಿಡಿಸದೆ ಮಾರುಕಟ್ಟೆಯನ್ನು ಆರಿಸಿಕೊಂಡರು. ಚಿತ್ರದ ಆರಂಭದಲ್ಲಿ ಕತ್ತಲಲ್ಲಿ ಸಾಗುವ ಲಾರಿ ಆ ಹಳೆಯ ಪ್ರಸ್ತಾಪದ ಪಳೆಯುಳಿಕೆಯಿರಬಹುದೇ ಎಂದು ನನಗೆ ಆಗಾಗ ಅನಿಸುತ್ತದೆ, ಆದರೆ ಅದು ನನ್ನ ಊಹೆ ಮಾತ್ರ.

ಪ್ರಾಯೋಜಕರು ಚಿತ್ರದೊಳಗೆ ಕೈಯಾಡಿಸಿದ ಗುರುತು ಎಲ್ಲೂ ಕಾಣುವುದಿಲ್ಲ. ಆದರೂ ಕೈಯಾಡಿಸದಿರುವುದರಲ್ಲೂ ಪ್ರಾಯೋಜಕರಿಗೆ ಲಾಭವಿರುತ್ತದೆ. ದುಡಿಯುವ ಬ್ರಿಟನ್ನನ್ನು ಹೀಗೆ ಗೌರವದಿಂದ, ಜಗಳವಿಲ್ಲದೆ, ಸಂಬಳದ ಮಾತೆತ್ತದೆ ತೋರಿಸುವ ಚಿತ್ರಕ್ಕೆ ಯಾವ ಕಾರ್ಖಾನೆಯ ಮಾಲೀಕರೂ ಬೇಡವೆನ್ನುವುದಿಲ್ಲ. ನನ್ನ ದೃಷ್ಟಿಯಲ್ಲಿ ಚಿತ್ರದ ದೊಡ್ಡ ಕೊರತೆ ಇರುವುದು ಇಲ್ಲಿ. ನಿರೂಪಣೆಯಲ್ಲೂ ಅಲ್ಲ, ತುಟಿ ಹೊಂದದ ಮಾತಿನಲ್ಲೂ ಅಲ್ಲ. ಸರಕು ಎಲ್ಲಿಂದ ಬಂತು ಎಂದು ಗೊತ್ತಾಗುತ್ತದೆ, ಬೆಳೆದವನಿಗೆ ಎಷ್ಟು ಸಿಕ್ಕಿತು ಎಂದು ಗೊತ್ತಾಗುವುದಿಲ್ಲ. ಹೊರೆಯಾಳು ಎಷ್ಟು ಬುಟ್ಟಿ ಹೊರಬಲ್ಲ ಎಂದು ಕಾಣುತ್ತದೆ, ಹೊತ್ತದ್ದಕ್ಕೆ ಅವನ ಕೈಗೇನು ಬಂತು, ಅದರ ಬಗ್ಗೆ ಅವನ ಸಂಘ ಏನೆನ್ನುತ್ತದೆ ಎಂಬುದಿಲ್ಲ. ಇಡೀ ಮಾರುಕಟ್ಟೆ ಒಂದು ಕೂಡುಕುಟುಂಬದಂತಿದೆ. ಕೂಡುಕುಟುಂಬದಲ್ಲಿ ಬೆಳೆದ ನಮಗೆ ಅಲ್ಲಿ ಜಗಳವೇ ಇಲ್ಲವೆಂದರೆ ನಂಬುವುದು ಕಷ್ಟ.

ಹಾಗಿದ್ದರೂ ಆಂಡರ್ಸನ್ ಈ ಕುರುಡನ್ನು ಅರಿಯದೆ ಮೈಮೇಲೆ ಹಾಕಿಕೊಂಡರು ಎನ್ನಲಾರೆ. ಅವರು ಎದುರಿಸಿದ್ದ ಸನ್ನಿವೇಶವನ್ನು ನೆನೆಯಬೇಕು. ಯುದ್ಧದ ಕಾಲದಲ್ಲಿ ಸರ್ಕಾರದ ಕ್ರೌನ್ ಫಿಲಂ ಘಟಕ ಸಾಮಾನ್ಯ ಜನರನ್ನು ಪರದೆಯ ಮೇಲೆ ತಂದಿತ್ತು. 1952ರಲ್ಲಿ ಆ ಘಟಕವನ್ನು ಮುಚ್ಚಿದರು. ಆ ಪರಂಪರೆಯಲ್ಲಿ ಆಂಡರ್ಸನ್ ಮನಸೋತದ್ದು ನಿರ್ದೇಶಕ ಹಂಫ್ರಿ ಜೆನಿಂಗ್ಸ್ ಒಬ್ಬರಿಗೆ; 1950ರಲ್ಲಿ ಗ್ರೀಸ್‌ನಲ್ಲಿ ಜೆನಿಂಗ್ಸ್ ಅಕಾಲ ಮರಣಕ್ಕೀಡಾದ ಮೇಲೆ, ಬ್ರಿಟಿಷ್ ಸಿನಿಮಾ ಕಂಡ ಏಕೈಕ ನಿಜವಾದ ಕವಿ ಎಂಬರ್ಥದಲ್ಲಿ ಅವರ ಬಗ್ಗೆ 1954ರಲ್ಲಿ ಬರೆದರು. ಕಥಾಚಿತ್ರಗಳಲ್ಲಾದರೋ ಕೂಲಿಯವನು, ಹೂ ಮಾರುವವಳು ನಗಿಸಲು ಬಂದು ಹೋಗುವ ಪಾತ್ರಗಳು. ಕಾವೆಂಟ್ ಗಾರ್ಡನ್ ಎಂದರೆ ಬರ್ನಾರ್ಡ್ ಷಾ ನಾಟಕದ ಹೂ ಮಾರುವ ಹುಡುಗಿ ಎಲೈಜಾಳ ಜಾಗ ಎಂದೇ ಜಗತ್ತಿಗೆ ಗೊತ್ತು, ಮತ್ತು ಎಲೈಜಾ ನಾಟಕದಲ್ಲಿ ಗಣ್ಯಳಾಗುವುದು ಹೂಬುಟ್ಟಿಯನ್ನೂ ತನ್ನ ಉಚ್ಚಾರಣೆಯನ್ನೂ ಬಿಟ್ಟ ಮೇಲೆ. ಆಂಡರ್ಸನ್ ಚಿತ್ರದ ಮುದುಕಿಯರು ಹೂಬುಟ್ಟಿ ಹಿಡಿದುಕೊಂಡೇ ಗಣ್ಯರು. 1956ರ ಫೆಬ್ರವರಿಯಲ್ಲಿ ಲಂಡನ್ನಿನ ನ್ಯಾಷನಲ್ ಫಿಲಂ ಥಿಯೇಟರಿನಲ್ಲಿ ಆಂಡರ್ಸನ್, ರೈಸ್, ಟೋನಿ ರಿಚರ್ಡ್‌ಸನ್, ಲೊರೆಂಜಾ ಮಜೆಟ್ಟಿ ಸೇರಿ ‘ಫ್ರೀ ಸಿನಿಮಾ’ ಎಂಬ ಹೆಸರಿನಲ್ಲಿ ತಮ್ಮ ಚಿತ್ರಗಳನ್ನು ತೋರಿಸಿದಾಗ ಹಂಚಿದ ಹೇಳಿಕೆಯಲ್ಲಿ ಸ್ವಾತಂತ್ರ್ಯದಲ್ಲಿ, ಜನರ ಮಹತ್ವದಲ್ಲಿ, ದಿನನಿತ್ಯದ ಅರ್ಥವಂತಿಕೆಯಲ್ಲಿ ತಮಗೆ ನಂಬಿಕೆಯಿದೆ ಎಂದಿದ್ದರು. ಪರಿಪೂರ್ಣತೆ ತಮ್ಮ ಗುರಿಯಲ್ಲ ಎಂದೂ ಅದರಲ್ಲಿತ್ತು. ಮರುವರ್ಷದ ಮೇ ತಿಂಗಳಲ್ಲಿ, ಆ ಪ್ರದರ್ಶನಗಳ ಮೂರನೆಯ ಕಂತಿನಲ್ಲಿ, ಈ ಮಾರುಕಟ್ಟೆಯ ಚಿತ್ರ ಬಂತು. ಮೊದಲು ಗೌರವ, ಆಮೇಲೆ ವಿಮರ್ಶೆ ಎಂಬ ಅನುಕ್ರಮವನ್ನು ಅವರು ಬೇಕೆಂದೇ ಆರಿಸಿಕೊಂಡರು ಎಂದು ನಾನು ಭಾವಿಸುತ್ತೇನೆ. ಹಾಗೆ ಭಾವಿಸಲು ಕಾರಣವಿದೆ: ಇದಕ್ಕೆ ಮೊದಲೇ ಅವರು ಮಾರ್ಗೇಟ್ ಎಂಬ ಕಡಲೂರಿನ ಮೋಜಿನ ಉದ್ಯಾನದ ಬಗ್ಗೆ ‘ಓ ಡ್ರೀಮ್‌ಲ್ಯಾಂಡ್’ ಎಂಬ ಪುಟ್ಟ ಚಿತ್ರ ಮಾಡಿದ್ದರು. ಅದರಲ್ಲಿ ಅದೇ ಸಾಮಾನ್ಯ ಜನರನ್ನು ನೋಡುವ ಕಣ್ಣು ಎಷ್ಟು ಕಹಿಯಾಗಿದೆಯೆಂದರೆ, ಎರಡೂ ಚಿತ್ರಗಳು ಒಬ್ಬರವೇ ಎಂದು ನಂಬಲು ಹೊತ್ತು ಬೇಕಾಗುತ್ತದೆ.

ನಂಬಬಹುದೇ ಎಂಬ ಪ್ರಶ್ನೆಗೆ ಕಾಲವೂ ಒಂದು ಉತ್ತರ ಸೇರಿಸಿದೆ. 1670ರ ರಾಜಾಜ್ಞೆಯಿಂದ ಅಧಿಕೃತವಾಗಿದ್ದ ಆ ಮಾರುಕಟ್ಟೆ 1974ರ ನವೆಂಬರಿನಲ್ಲಿ ಥೇಮ್ಸ್ ನದಿಯಾಚೆಯ ನೈನ್ ಎಲ್ಮ್ಸ್‌ಗೆ ಎದ್ದುಹೋಯಿತು. 1830ರ ಹಳೆಯ ಕಟ್ಟಡದಲ್ಲಿ ಈಗ ಅಂಗಡಿಗಳು, ಪ್ರವಾಸಿಗಳು. ಚಿತ್ರದಲ್ಲಿ ಕಾಣುವ ಬುಟ್ಟಿಗಳ ಗೋಪುರ, ಕೈಗಾಡಿ, ಕೂಗು ಯಾವುದೂ ಆ ಜಾಗದಲ್ಲಿಲ್ಲ. ದಾಖಲೆಯಾಗಬೇಕೆಂದು ಮಾಡದ ಚಿತ್ರ ದಾಖಲೆಯಾಗಿಬಿಟ್ಟಿದೆ. ಕೂಲಿಯ ಲೆಕ್ಕ ಹಳೆಯ ಕಾಗದಗಳಲ್ಲಿ ಸಿಕ್ಕೀತು. ಆ ಕೈಗಳ ನಡೆ ಬೇರೆಲ್ಲಿಯೂ ಸಿಗುವುದಿಲ್ಲ.

ಇನ್ನು ನಿಮ್ಮ ಮಾರುಕಟ್ಟೆ. ಸಲಕರಣೆಯ ತೊಡಕು ನಿಮಗಿಲ್ಲ. ಆಂಡರ್ಸನ್ ತಂಡ ಕನಸಿನಲ್ಲೂ ಕಾಣದ್ದು ನಿಮ್ಮ ಜೇಬಿನಲ್ಲಿದೆ. ಆದ್ದರಿಂದ ನಿರೂಪಣೆ ಬರೆಯುವ ಮೊದಲು ಜನರ ಮಾತು ಸಾಲದೇ ಎಂದು ಕೇಳಿಕೊಳ್ಳಿ. ತೊಡಕು ಬೇರೆ ಕಡೆ ಬರುತ್ತದೆ. ನಾನೊಮ್ಮೆ ಹೂವಿನ ಮಾರುಕಟ್ಟೆಯೊಂದರಲ್ಲಿ ಚಿತ್ರೀಕರಣಕ್ಕೆ ಹೋಗಿದ್ದೆ. ಮೊದಲ ದಿನವೇ ಕ್ಯಾಮೆರಾ ತೆಗೆದ ನನ್ನ ಆತುರಕ್ಕೆ ಸಿಕ್ಕಿದ್ದು ಮೂರು ದಿನಗಳ ನಗುಮುಖಗಳು: ಎಲ್ಲರೂ ಲೆನ್ಸ್ ನೋಡಿ ನಗುತ್ತಾರೆ, ಹುಡುಗರು ಕೈಬೀಸುತ್ತಾರೆ, ವ್ಯಾಪಾರಿಗಳು ಯಾವ ಚಾನೆಲ್ಲು ಎಂದು ವಿಚಾರಿಸುತ್ತಾರೆ. ನಾಲ್ಕನೆಯ ದಿನ ಬೆಳಗಿನ ಜಾವ ಕನಕಾಂಬರ ಕಟ್ಟುತ್ತಿದ್ದ ಅಜ್ಜಿಯೊಬ್ಬರು ತಲೆಯೆತ್ತದೆಯೇ, “ಸುಮ್ನೆ ನಿಂತಿದ್ದೀಯಲ್ಲಪ್ಪಾ, ಆ ದಾರದುಂಡೆ ಇತ್ಲಾಗ್ ಕೊಡು” ಎಂದರು. ಕೊಟ್ಟೆ. ಅಂದಿನಿಂದ ಅವರ ಸಾಲಿನಲ್ಲಿ ಯಾರೂ ಲೆನ್ಸ್ ನೋಡಲಿಲ್ಲ. ಆ ಚಿತ್ರದಲ್ಲಿ ಉಳಿದದ್ದೆಲ್ಲ ನಾಲ್ಕನೆಯ ದಿನದ ನಂತರದ್ದು. ನೀವು ಮೊದಲ ವಾರ ಬರಿಗೈಯಲ್ಲಿ ಹೋಗಿ ಬನ್ನಿ. ಕೈಯಲ್ಲಿ ಹೆಚ್ಚೆಂದರೆ ಧ್ವನಿಗ್ರಾಹಕ ಇರಲಿ. ಸದ್ದನ್ನು ಮೊದಲು ಕೇಳಿಸಿಕೊಂಡವರಿಗೆ ಎಲ್ಲಿ ನಿಲ್ಲಬೇಕೆಂಬುದು ತಾನಾಗಿ ತಿಳಿಯುತ್ತದೆ.

ಯಾರ ಹತ್ತಿರ ಕೇಳಬೇಕು ಎಂಬುದೂ ಮುಖ್ಯ. ಮಾರುಕಟ್ಟೆ ಸಮಿತಿಯ ಅನುಮತಿ ಪತ್ರ ಬೇಕೇ ಬೇಕು, ಆದರೆ ಅದು ಮೂಟೆ ಹೊರುವವರ ಮುಖದ ಮೇಲಿನ ಹಕ್ಕನ್ನು ನಿಮಗೆ ಬರೆದುಕೊಡುವುದಿಲ್ಲ. ನಿದ್ದೆ ಹೋದವರನ್ನು, ಸಾಲ ಕೊಟ್ಟವನ ಮುಂದೆ ತಲೆತಗ್ಗಿಸಿ ನಿಂತವರನ್ನು ಕೇಳದೆ ತೆಗೆದಿದ್ದರೆ ಆಮೇಲಾದರೂ ತೋರಿಸಿ ಕೇಳಿ, ಬೇಡವೆಂದರೆ ಅಳಿಸಿ. ಆಂಡರ್ಸನ್ ಬಿಟ್ಟದ್ದನ್ನು ನೀವು ಬಿಡಬೇಡಿ. ತೂಕ ಯಾರು ಹಾಕುತ್ತಾರೆ, ದಲ್ಲಾಳಿ ಕಮಿಷನ್ ಎಷ್ಟು ಹಿಡಿಯುತ್ತಾನೆ, ಹಮಾಲಿ ಯಾರ ಲೆಕ್ಕದಿಂದ ಹೋಗುತ್ತದೆ, ಬೆಲೆ ಬೀಳುವ ದಿನ ರೈತ ಸರಕನ್ನು ಏನು ಮಾಡುತ್ತಾನೆ ಎನ್ನುವುದೆಲ್ಲ ನಿರೂಪಣೆಯಿಲ್ಲದೆಯೇ ಕಾಣುವ ಸಂಗತಿಗಳು. ತಕ್ಕಡಿಯ ಹತ್ತಿರ ಸಾಕಷ್ಟು ಹೊತ್ತು ನಿಂತರೆ ಸಾಕು.

ಮತ್ತು ವ್ಯಾಪಾರ ಮುಗಿದ ಕೂಡಲೇ ಕ್ಯಾಮೆರಾ ಮುಚ್ಚಿಟ್ಟು ತಿಂಡಿಗೆ ಹೋಗಬೇಡಿ. ಆಂಡರ್ಸನ್ ಆ ಹೊತ್ತಿನಲ್ಲಿ ಅಲ್ಲೇ ಇದ್ದದ್ದರಿಂದ ಅವರಿಗೆ ಹೂವಿನ ಮುದುಕಿಯರು ಸಿಕ್ಕರು. ನಿಮ್ಮಲ್ಲಿ ಉದುರಿದ ಸೊಪ್ಪು ಆರಿಸಿಕೊಳ್ಳಲು ಬರುವವರಿರುತ್ತಾರೆ, ಕೊಳೆತ ಟೊಮೆಟೊ ಗುಡಿಸುವ ಪೌರಕಾರ್ಮಿಕರಿರುತ್ತಾರೆ, ಖಾಲಿ ಗೋಣಿಚೀಲ ಕೊಡವಿ ಮಡಿಸಿ ಎಣಿಸುವ ಹುಡುಗ ಇರುತ್ತಾನೆ. ಅವನು ಎಣಿಸಿ ಮುಗಿಸುವವರೆಗೆ ಕಾಯಿರಿ.